ಮಗ ತಲೆಗೆ ಕೈ ಅಡ್ಡ ಹಿಡಿದ: ಇದು ಮನೆತನದ ಶಾಪವೇ, ರಕ್ತದ ಗುಣವೇ?

ಪ್ರಶ್ನೆ: ನನಗೆ 34 ವರ್ಷ. ಬದಿಯಡ್ಕದ ಹತ್ತಿರ ನಮ್ಮ ಮನೆ. ಗಂಡ ಗಲ್ಫಿನಲ್ಲಿದ್ದಾರೆ. ಮನೆಯಲ್ಲಿ ಅತ್ತೆ, ನಾನು, ಆರು ವರ್ಷದ ಮಗ. ಸಣ್ಣದಿರುವಾಗ ಅಪ್ಪ ಕುಡಿದು ಬಂದು ಅಮ್ಮನಿಗೂ ನಮಗೂ ಹೊಡೆಯುತ್ತಿದ್ದರು. ಅವರು ಬೇಲಿಯ ತಡಮೆ ದಾಟುವ ಸದ್ದಿನಲ್ಲೇ ಇವತ್ತು ಹೇಗಿದ್ದಾರೆ ಎಂದು ನನಗೆ ಗೊತ್ತಾಗುತ್ತಿತ್ತು. ಅಪ್ಪನಿಗೆ ಅಜ್ಜ ನಾಗರಬೆತ್ತದಲ್ಲಿ ಹೊಡೆಯುತ್ತಿದ್ದರಂತೆ. ಅಜ್ಜನ ಬಗ್ಗೆ ಗೊತ್ತಿರುವುದು ಇಷ್ಟೇ: ನಾಲ್ಕು ವರ್ಷವಾಗುವಾಗ ತಾಯಿ ತೀರಿಕೊಂಡರು, ಎಂಟು ವರ್ಷಕ್ಕೆ ಯಾರದೋ ಮನೆಯಲ್ಲಿ ದನ ಮೇಯಿಸಲು ಬಿಟ್ಟರು. ಆ ಕಾಲದ ಮಾತು ನಮ್ಮಲ್ಲಿ ಯಾರೂ ಎತ್ತುವುದಿಲ್ಲ. ಅಪ್ಪ ಕುಡಿತ ಬಿಟ್ಟು ಎಂಟು ವರ್ಷವಾಯಿತು, ಮೊಮ್ಮಗನೆಂದರೆ ಜೀವ. ಈಗ ಅಣ್ಣ ದಿನಾ ಕುಡಿಯುತ್ತಾನೆ. ಎರಡು ವಾರದ ಹಿಂದೆ ಮಗ ಗಂಜಿಯ ಬಟ್ಟಲನ್ನು ಕವುಚಿ ಹಾಕಿದಾಗ ನಾನು ಬೊಬ್ಬೆ ಹಾಕಿ ಕೈ ಎತ್ತಿದೆ. ಏಟು ಬೀಳುವ ಮೊದಲೇ ಅವನು ಎರಡೂ ಕೈಯನ್ನು ತಲೆಗೆ ಅಡ್ಡ ಹಿಡಿದು ಕುಗ್ಗಿ ಕುಳಿತ. ನಾನು ಸಣ್ಣದಿರುವಾಗ ಕೂರುತ್ತಿದ್ದದ್ದು ಹಾಗೆಯೇ. ಪ್ರಶ್ನೆ ಇಟ್ಟು ನೋಡಿದಾಗ ಜೋಯಿಸರು ಕುಟುಂಬಕ್ಕೆ ಹಳೆಯ ಶಾಪವಿದೆ ಎಂದರು. ಮೊಬೈಲಿನಲ್ಲಿ ನೋಡಿದ ವೀಡಿಯೋ ಒಂದರಲ್ಲಿ ಬಾಲ್ಯದ ಆಘಾತ ಡಿಎನ್‌ಎಯಲ್ಲಿ ಏಳು ತಲೆಮಾರು ಇರುತ್ತದೆ ಎಂದಿದ್ದರು. ನನ್ನ ಮಗನೂ ಹೀಗೇ ಆಗುತ್ತಾನೆಯೇ? ಎರಡನೇ ಮಗು ಬೇಕೇ ಬೇಡವೇ? ಅಪ್ಪನ ಹತ್ತಿರ ಅವನನ್ನು ಬಿಡಬಹುದೇ, ಹಳೆಯದನ್ನು ಅಪ್ಪನ ಹತ್ತಿರ ಕೇಳಬೇಕೇ? ಆ ರಾತ್ರಿ ಮಗ ನನ್ನ ಬಟ್ಟೆಯ ತುದಿ ಹಿಡಿದುಕೊಂಡೇ ಮಲಗಿದ. ಅದು ಪ್ರೀತಿಯೋ ಹೆದರಿಕೆಯೋ ನನಗೆ ತಿಳಿಯುತ್ತಿಲ್ಲ.

ಉತ್ತರ: ನಿಮ್ಮ ಪತ್ರದಲ್ಲಿ ಪ್ರಶ್ನೆಗಳು ಐದಾರಿದ್ದರೂ ಬುಡದಲ್ಲಿರುವ ಹೆದರಿಕೆ ಒಂದೇ. ಅಜ್ಜನಿಂದ ಅಪ್ಪನಿಗೆ, ಅಪ್ಪನಿಂದ ನಿಮಗೆ ಬಂದದ್ದು ಮಗನಿಗೂ ಹೋಗಿ ಮುಗಿಯಿತೇ ಎಂಬುದು. ಇದಕ್ಕೆ ನೇರ ಉತ್ತರವನ್ನು ಮೊದಲೇ ಹೇಳುತ್ತೇನೆ. ಬಾಲ್ಯದಲ್ಲಿ ಬಿದ್ದ ಪೆಟ್ಟು ತಲೆಮಾರು ದಾಟುವುದು ನಿಜ. ಅದು ಹೆಚ್ಚಾಗಿ ದಾಟುವುದು ಗಂಜಿ ಚೆಲ್ಲಿದ ಆ ಅರ್ಧ ನಿಮಿಷದಂಥ ಗಳಿಗೆಗಳಲ್ಲಿ, ಆಮೇಲೆ ಮನೆಯಲ್ಲಿ ಕವಿಯುವ ಮೌನದಲ್ಲಿ. ದಾಟುವ ಜಾಗ ಇಷ್ಟು ಹತ್ತಿರದಲ್ಲಿರುವುದರಿಂದಲೇ ಅಲ್ಲಿ ನೀವು ಅಡ್ಡ ನಿಲ್ಲಬಹುದು.

ಶಾಪದ ಮಾತನ್ನು ಮೊದಲು ನೋಡೋಣ. ಈ ವಿಷಯದಲ್ಲಿ ನಮ್ಮ ಕಾಸರಗೋಡು ಜಿಲ್ಲೆ ದೊಡ್ಡ ಬೆಲೆ ತೆತ್ತಿದೆ. ಎಣ್ಮಕಜೆಯ ಪಡ್ರೆ, ಸ್ವರ್ಗ ಎಂಬ ಊರುಗಳ ಕಡೆ ಮನೆಮನೆಗಳಲ್ಲಿ ಮಕ್ಕಳು ಕಾಯಿಲೆ ಬಿದ್ದಾಗ ದೈವದ ಮುನಿಸು ಎಂದು ನಂಬಿ ಕುಳಿತವರಿದ್ದರು. ಆಗೆಲ್ಲ ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಎಂಬ ಕೀಟನಾಶಕ ಸುರಿಯುತ್ತಿತ್ತು. ಆ ಸಿಂಪಡಣೆ ನಿಂತದ್ದು 2000ದ ಹೊತ್ತಿಗೆ, ಸುಪ್ರೀಂ ಕೋರ್ಟ್ ದೇಶದಾದ್ಯಂತ ನಿಷೇಧಿಸಿದ್ದು 2011ರಲ್ಲಿ. ಆ ಮನೆಗಳ ಕಷ್ಟವೂ ನಿಮ್ಮ ಮನೆಯ ಕಷ್ಟವೂ ಬೇರೆ ಬೇರೆ. ಆದರೆ ಶಾಪ ಎಂದ ಕೂಡಲೇ ಕಾರಣ ಹುಡುಕುವುದು ನಿಂತುಹೋಗುತ್ತದೆ ಎಂಬುದು ಎರಡು ಕಡೆಯೂ ಒಂದೇ. ಕುಟುಂಬದವರೆಲ್ಲ ಸೇರಿ ದೈವಕ್ಕೆ ತಂಬಿಲದ ಸೇವೆ ಕೊಡುವುದಾದರೆ ಕೊಡಿ. ಮಾತು ಬಿಟ್ಟ ಅಣ್ಣತಮ್ಮಂದಿರು ಒಂದು ದಿನ ಒಂದೇ ಪಂಕ್ತಿಯಲ್ಲಿ ಕುಳಿತು ಉಣ್ಣುವುದಕ್ಕೂ ಬೆಲೆ ಇದೆ. ಸಾಲ ಮಾಡಿ ಪರಿಹಾರ ಮಾಡಿಸುವುದು, ಪರಿಹಾರವಾಯಿತೆಂದು ನಡೆಯುತ್ತಿರುವ ಔಷಧಿ ನಿಲ್ಲಿಸುವುದು, ಬಾಧೆ ಬಿಡಿಸುತ್ತೇವೆಂದು ಯಾರದೇ ಮೈಮೇಲೆ ಕೈ ಮಾಡುವುದು, ಈ ಮೂರಕ್ಕೆ ಮಾತ್ರ ಒಪ್ಪಬೇಡಿ.

ಏಳು ತಲೆಮಾರಿನ ಡಿಎನ್‌ಎ ಮಾತು ಕೇಳಲು ವಿಜ್ಞಾನದಂತಿದ್ದರೂ ಮನುಷ್ಯನನ್ನು ತಂದು ನಿಲ್ಲಿಸುವುದು ಶಾಪದ ಜಾಗದಲ್ಲೇ. ಅದರಲ್ಲಿ ನಿಜ ಎಷ್ಟು? 1944-45ರ ಚಳಿಗಾಲದಲ್ಲಿ ನೆದರ್ಲ್ಯಾಂಡ್ಸ್‌ನಲ್ಲಿ ಭೀಕರ ಕ್ಷಾಮ ಬಂತು. ಆಗ ಗರ್ಭದಲ್ಲಿದ್ದವರನ್ನು ಆರು ದಶಕದ ನಂತರ ಪರೀಕ್ಷಿಸಿದಾಗ ಕೆಲವು ಜೀನ್‌ಗಳ ಮೇಲೆ ಇರುವ ರಾಸಾಯನಿಕ ಗುರುತುಗಳಲ್ಲಿ ವ್ಯತ್ಯಾಸ ಕಂಡಿತು. ಜೀನ್ ಬದಲಾಗಿರಲಿಲ್ಲ. ಯಾವ ಜೀನ್ ಎಷ್ಟು ಕೆಲಸ ಮಾಡಬೇಕು ಎಂದು ಹೇಳುವ ಗುಂಡಿ ಸ್ವಲ್ಪ ತಿರುಗಿತ್ತು, ಅಷ್ಟೇ. ಇದನ್ನೇ ಎಪಿಜೆನೆಟಿಕ್ಸ್ ಎನ್ನುತ್ತಾರೆ. ನಾಜಿಗಳ ಹತ್ಯಾಕಾಂಡದಿಂದ ಬದುಕಿ ಉಳಿದವರಲ್ಲಿ ಮತ್ತು ಅವರ ಮಕ್ಕಳಲ್ಲಿ ಇಂಥ ಗುರುತುಗಳನ್ನೇ ನೋಡಿ ಅಮೆರಿಕದ ವಿಜ್ಞಾನಿ ರೇಚೆಲ್ ಯಹೂದಾ ಅವರ ತಂಡ 2016ರಲ್ಲಿ ಪ್ರಕಟಿಸಿದ ಅಧ್ಯಯನವೂ ಹೆಸರಾಯಿತು. ಆದರೆ ಅದರಲ್ಲಿದ್ದ ಮಕ್ಕಳ ಸಂಖ್ಯೆ 22 ಮಾತ್ರ. ಇಷ್ಟರ ಮೇಲೆ ಏಳು ತಲೆಮಾರಿನ ಗೋಪುರ ಕಟ್ಟಲಾಗದು. ಮನುಷ್ಯರಲ್ಲಿ ಅಂಥದ್ದೇನೂ ಸಾಬೀತಾಗಿಲ್ಲ.

ಇವೆಲ್ಲಕ್ಕಿಂತ ನೀವು ತಿಳಿಯಬೇಕಾದದ್ದು ಕೆನಡಾದ ಮೈಕೆಲ್ ಮೀನಿ ಅವರ ತಂಡ ಇಲಿಗಳಲ್ಲಿ ಕಂಡದ್ದು. ಕೆಲವು ತಾಯಿ ಇಲಿಗಳು ಮರಿಗಳನ್ನು ಹೆಚ್ಚು ನೆಕ್ಕುತ್ತವೆ, ಕೆಲವು ಕಡಿಮೆ. ಕಡಿಮೆ ನೆಕ್ಕಿಸಿಕೊಂಡ ಮರಿಗಳು ದೊಡ್ಡವಾದಾಗ ಸಣ್ಣ ಸದ್ದಿಗೂ ಬೆಚ್ಚುತ್ತವೆ, ತಾವು ತಾಯಿಯಾದಾಗ ಮರಿಗಳನ್ನು ಕಡಿಮೆ ನೆಕ್ಕುತ್ತವೆ. ನೋಡಿದರೆ ರಕ್ತದ ಗುಣವೇ ಸರಿ ಅನಿಸುತ್ತದೆ. ಹುಟ್ಟಿದ ಕೂಡಲೇ ಮರಿಗಳನ್ನು ಅದಲುಬದಲು ಮಾಡಿದಾಗ ಮಾತ್ರ ಲೆಕ್ಕ ತಲೆಕೆಳಗಾಯಿತು. ಮರಿಗಳು ಹೆತ್ತ ತಾಯಿಯಂತೆ ಆಗಲಿಲ್ಲ, ಸಾಕಿದ ತಾಯಿಯಂತೆ ಆದವು. ಜೀನ್‌ಗಳ ಮೇಲಿನ ಗುರುತುಗಳೂ ಸಾಕಿದ ರೀತಿಗೆ ತಕ್ಕಂತೆ ಇದ್ದವು. ಮೈಯಲ್ಲಿ ಬರೆದದ್ದನ್ನು ಆರೈಕೆಯೇ ಬರೆದಿತ್ತು. ಮನುಷ್ಯ ಇಲಿಯಲ್ಲ, ನಿಜ. ಆದರೆ ವೀಡಿಯೋದವರು ಹೇಳದೆ ಬಿಟ್ಟ ಅರ್ಧ ಇದೇ.

ಪೆಟ್ಟು ತಿಂದವರು ಪೆಟ್ಟು ಕೊಡುವವರಾಗಿಯೇ ಆಗುತ್ತಾರೆ ಎಂಬುದು ಇನ್ನೊಂದು ನಂಬಿಕೆ. ಬಾಲ್ಯದಲ್ಲಿ ಹಿಂಸೆ ಅನುಭವಿಸಿದವರಲ್ಲಿ ತಮ್ಮ ಮಕ್ಕಳಿಗೆ ಹಾಗೆ ಮಾಡುವವರು ಸುಮಾರು ನೂರಕ್ಕೆ 30 ಎಂದು ಆವರೆಗಿನ ಅಧ್ಯಯನಗಳನ್ನೆಲ್ಲ ಜಾಲಾಡಿದ ಇಬ್ಬರು ಮನಶ್ಶಾಸ್ತ್ರಜ್ಞರು 1987ರಲ್ಲಿ ಅಂದಾಜು ಮಾಡಿದರು. ಹಿಂಸೆ ಕಾಣದವರಿಗಿಂತ ಇದು ಹೆಚ್ಚೇ, ಹಗುರವಾಗಿ ನೋಡುವಂತಿಲ್ಲ. ಆದರೂ ಮೂವರಲ್ಲಿ ಇಬ್ಬರ ಹತ್ತಿರ ಅದು ನಿಂತುಹೋಗುತ್ತದೆ. ಅಂಥವರ ಬಗ್ಗೆ ಯಾರೂ ಮಾತಾಡುವುದಿಲ್ಲ, ಏಕೆಂದರೆ ಆ ಮನೆಗಳಲ್ಲಿ ಏನೂ ನಡೆಯುವುದಿಲ್ಲ.

ಅಮೆರಿಕದಲ್ಲಿ 17,000ಕ್ಕೂ ಹೆಚ್ಚು ವಯಸ್ಕರ ಬಾಲ್ಯವನ್ನು ಕೇಳಿ ದಾಖಲಿಸಿದ ಅಧ್ಯಯನವೊಂದರ ಮೊದಲ ವರದಿ 1998ರಲ್ಲಿ ಬಂತು. ಹೊಡೆತ, ಅವಮಾನ, ಲೈಂಗಿಕ ಹಿಂಸೆ, ಕುಡುಕ ಹೆತ್ತವರು, ತಾಯಿ ಪೆಟ್ಟು ತಿನ್ನುವುದನ್ನು ನೋಡುವುದು ಮುಂತಾದವುಗಳಲ್ಲಿ ನಾಲ್ಕು ಅಥವಾ ಹೆಚ್ಚು ಅನುಭವಿಸಿದವರಿಗೆ ಖಿನ್ನತೆ, ಕುಡಿತ, ಆತ್ಮಹತ್ಯೆ ಯತ್ನದ ಅಪಾಯ ನಾಲ್ಕರಿಂದ ಹನ್ನೆರಡು ಪಟ್ಟು ಹೆಚ್ಚಿತ್ತು. ಇಂಟರ್‌ನೆಟ್ಟಿನಲ್ಲಿ ಈ ಪ್ರಶ್ನೆಪಟ್ಟಿ ತುಂಬಿಸಿ ತಮ್ಮ ಅಂಕ ನೋಡಿ ಕಂಗಾಲಾಗುವವರು ಹಲವರು. ಅದು ಜನಸಮುದಾಯದ ಲೆಕ್ಕ. ಒಬ್ಬ ವ್ಯಕ್ತಿಯ ಮುಂದಿನ ಬದುಕನ್ನು ಅದರಿಂದ ಹೇಳಲಾಗದು. ಆ ಪಟ್ಟಿಯಲ್ಲಿ ಪೆಟ್ಟಿನ ಲೆಕ್ಕವಿದೆ, ಪೆಟ್ಟು ಬಿದ್ದ ದಿನ ಪಕ್ಕದಲ್ಲಿ ಕೂರಿಸಿಕೊಂಡು ತಲೆ ನೇವರಿಸಿದವರ ಲೆಕ್ಕವಿಲ್ಲ. ಮಗುವಿಗೆ ಅಂಥವರು ಒಬ್ಬರು ಗಟ್ಟಿಯಾಗಿ ಇದ್ದರೂ ಪೆಟ್ಟಿನ ಆಳ ಕಡಿಮೆಯಾಗುತ್ತದೆ.

‘ನಾವೂ ಪೆಟ್ಟು ತಿಂದೇ ಬೆಳೆದವರು, ನಮಗೇನಾಗಿದೆ’ ಎಂದು ಅತ್ತೆಯವರು ಹೇಳಬಹುದು. ಪೆಟ್ಟು ತಿಂದ ಮಾತು ಸತ್ಯ. ಕೇಂದ್ರದ ಮಹಿಳೆ ಮತ್ತು ಮಕ್ಕಳ ಅಭಿವೃದ್ಧಿ ಸಚಿವಾಲಯ 2007ರಲ್ಲಿ ಪ್ರಕಟಿಸಿದ, ಕೇರಳವೂ ಸೇರಿ 13 ರಾಜ್ಯಗಳ ಅಧ್ಯಯನದಲ್ಲಿ ಮೂವರು ಮಕ್ಕಳಲ್ಲಿ ಇಬ್ಬರು ದೈಹಿಕ ಹಿಂಸೆ ಅನುಭವಿಸಿದ್ದರು. ಏನೂ ಆಗಿಲ್ಲ ಎಂಬುದನ್ನು ಮಾತ್ರ ಅವರವರ ನಿದ್ದೆ, ಸಿಟ್ಟು, ಕುಡಿತ ಹೇಳಬೇಕು. ಇದಕ್ಕೆ ಅತ್ತೆಯವರ ಹತ್ತಿರ ವಾದಕ್ಕೆ ನಿಲ್ಲಬೇಡಿ. ‘ನಿಮ್ಮ ಕಾಲದಲ್ಲಿ ಹಾಗಿತ್ತು, ನನಗೆ ಅದು ಬೇಡ ಅನಿಸಿದೆ’ ಎಂದರೆ ಸಾಕು.

ಈಗ ಆ ಅರ್ಧ ನಿಮಿಷಕ್ಕೆ ಬರೋಣ. ತಡಮೆಯ ಸದ್ದಿನಿಂದಲೇ ಅಪ್ಪನ ಸ್ಥಿತಿ ತಿಳಿಯುತ್ತಿತ್ತು ಎಂದು ಬರೆದಿದ್ದೀರಿ. ಏಳೆಂಟು ವರ್ಷದ ಹುಡುಗಿಯ ಮಿದುಳು ಅಷ್ಟು ಸೂಕ್ಷ್ಮವಾದದ್ದು ಅಗತ್ಯದಿಂದ. ಮಿದುಳಿನಲ್ಲಿ ಅಮಿಗ್ಡಲಾ ಎಂಬ ಬಾದಾಮಿ ಗಾತ್ರದ ಭಾಗವಿದೆ, ಅಪಾಯದ ಗಂಟೆ ಹೊಡೆಯುವುದು ಅದರ ಕೆಲಸ. ದಿನಾ ಅಪಾಯವಿರುವ ಮನೆಯಲ್ಲಿ ಬೆಳೆದ ಮಗುವಿನಲ್ಲಿ ಅದು ಸಣ್ಣ ಸುಳಿವಿಗೂ ಹೊಡೆದುಕೊಳ್ಳಲು ಕಲಿಯುತ್ತದೆ. ಗಂಟೆ ಹೊಡೆದರೆ ಎದೆಬಡಿತ ಏರುತ್ತದೆ, ಕೈಕಾಲಿಗೆ ರಕ್ತ ನುಗ್ಗುತ್ತದೆ. ಯೋಚಿಸಿ ತೂಗಿ ನೋಡುವ ಹಣೆಯ ಹಿಂದಿನ ಭಾಗಕ್ಕೆ ಸುದ್ದಿ ಮುಟ್ಟುವಷ್ಟರಲ್ಲಿ ಮೈ ಹೊಡೆದಾಟಕ್ಕೆ ತಯಾರಾಗಿ ನಿಂತಿರುತ್ತದೆ. ಸ್ಟೀಲ್ ಬಟ್ಟಲು ನೆಲಕ್ಕೆ ಬಿದ್ದು ಠಣ್ ಎಂದಾಗ ಎದ್ದವಳು ನಿಮ್ಮೊಳಗಿನ ಆ ಹುಡುಗಿ. ಅವಳ ಮೈ ಮಾತ್ರ ಈಗ 34 ವರ್ಷದ ಹೆಂಗಸಿನದು, ಎದುರಿಗಿದ್ದದ್ದು ಆರು ವರ್ಷದ ಮಗು.

‘ಇನ್ನು ಮೇಲೆ ಕೈ ಎತ್ತುವುದಿಲ್ಲ’ ಎಂದು ದೇವರ ಮುಂದೆ ಆಣೆ ಹಾಕಿದವರು ವಾರದೊಳಗೆ ಮತ್ತೆ ಕೈ ಎತ್ತುವುದು ಇದಕ್ಕೇ. ಆಣೆ ಹಾಕಿದ್ದು ಯೋಚಿಸುವ ಮಿದುಳು, ಕೈ ಎತ್ತಿದ್ದು ಅದಕ್ಕಿಂತ ಮೊದಲು ಓಡುವ ಮಿದುಳು. ಹಾಗಾಗಿ ಅಭ್ಯಾಸವನ್ನು ಮೈಗೇ ಮಾಡಿಸಬೇಕು.

ಎರಡು ವಾರ ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕಿ. ಬೊಬ್ಬೆ ಹಾಕಿದ ಅಥವಾ ಕೈ ಎತ್ತುವಷ್ಟು ಸಿಟ್ಟು ಬಂದ ಹೊತ್ತು, ಅದಕ್ಕೆ ಮೊದಲು ಏನಾಯಿತು, ನೀವು ಊಟ ಮಾಡಿ ಎಷ್ಟು ಹೊತ್ತಾಗಿತ್ತು, ಹಿಂದಿನ ರಾತ್ರಿ ಎಷ್ಟು ಗಂಟೆ ನಿದ್ದೆ, ಮೈಯಲ್ಲಿ ಮೊದಲು ತಿಳಿದದ್ದು ಎಲ್ಲಿ. ಕೆಲವರಿಗೆ ದವಡೆ ಬಿಗಿಯುತ್ತದೆ, ಕೆಲವರಿಗೆ ಕಿವಿ ಬಿಸಿಯಾಗುತ್ತದೆ. ಹೆಚ್ಚಿನ ಮನೆಗಳಲ್ಲಿ ಸಂಜೆ ಆರರಿಂದ ಎಂಟರ ನಡುವೆ ಗುರುತುಗಳು ಗುಂಪಾಗಿ ಬೀಳುತ್ತವೆ. ಹೋಂವರ್ಕ್, ಸ್ನಾನ, ಅಡುಗೆ, ಗಲ್ಫಿನಿಂದ ಬರುವ ವೀಡಿಯೋ ಕರೆ ಎಲ್ಲವೂ ಆ ಎರಡು ಗಂಟೆಯಲ್ಲೇ. ನಿಮ್ಮ ಕ್ಯಾಲೆಂಡರೂ ಹಾಗೇ ಹೇಳಿದರೆ ಮೊದಲ ಮದ್ದು ಬಹಳ ಸರಳ: ಐದು ಗಂಟೆಗೆ ನೀವೂ ಮಗನೂ ಹೊಟ್ಟೆಗೆ ಏನಾದರೂ ತಿನ್ನಿ, ಕರೆಯ ಹೊತ್ತನ್ನು ಬದಲಿಸಿ, ಹೋಂವರ್ಕನ್ನು ಒಲೆಯ ಕೆಲಸದ ಜೊತೆಗೆ ಇಟ್ಟುಕೊಳ್ಳಬೇಡಿ.

ಮೈಯ ಸುಳಿವು ಸಿಕ್ಕ ಮೇಲೆ ಮುಂದಿನ ಕೆಲಸ ಕೈಗಳದ್ದು. ಎರಡೂ ಅಂಗೈಯನ್ನು ಅಡುಗೆಕಟ್ಟೆಯ ಮೇಲೋ ಗೋಡೆಯ ಮೇಲೋ ಒತ್ತಿ ಇಡಿ. ಎರಡು ಹೆಜ್ಜೆ ಹಿಂದೆ ಸರಿಯಿರಿ. ನಾಲ್ಕು ಎಣಿಸುವಷ್ಟು ಉಸಿರು ಒಳಗೆ, ಏಳೆಂಟು ಎಣಿಸುವಷ್ಟು ನಿಧಾನವಾಗಿ ಹೊರಗೆ, ಹೀಗೆ ಆರು ಸಲ. ಹೊರಗೆ ಬಿಡುವ ಉಸಿರು ಉದ್ದವಾದಾಗ ಎದೆಬಡಿತ ಇಳಿಯುತ್ತದೆ. ಇದು ಒಂದು ನಿಮಿಷದ ಕೆಲಸ. ಇದರಲ್ಲಿ ತಪ್ಪುವುದು ಎರಡು ಕಡೆ. ಸಿಟ್ಟು ಬಂದಾಗ ಮಾತ್ರ ಮಾಡಲು ಹೊರಟರೆ ಆಗುವುದಿಲ್ಲ. ಮೈಗೆ ಅಭ್ಯಾಸವಾಗಲು ಸುಮ್ಮನಿರುವಾಗ ದಿನಕ್ಕೆ ಎರಡು ಸಲ, ಅಕ್ಕಿ ಬೇಯುವ ಹೊತ್ತಿನಲ್ಲೋ ಬಸ್ಸಿನಲ್ಲೋ, ಕನಿಷ್ಠ ಮೂರು ವಾರ ಮಾಡಬೇಕು. ಇನ್ನೊಂದು, ಮಗನಿಗೆ ಹೇಳದೆ ಎದ್ದುಹೋದರೆ ಅಮ್ಮ ಬಿಟ್ಟುಹೋದಳು ಎಂದೇ ಅವನು ತಿಳಿಯುತ್ತಾನೆ. ಬೊಬ್ಬೆಗಿಂತ ಅದು ಅವನನ್ನು ಹೆಚ್ಚು ಹೆದರಿಸಬಹುದು. ‘ಅಮ್ಮನಿಗೆ ಸಿಟ್ಟು ಬಂದಿದೆ, ಹಿತ್ತಿಲಿಗೆ ಹೋಗಿ ಈಗ ಬರುತ್ತೇನೆ’ ಎಂದು ಹೇಳಿಯೇ ಹೋಗಿ, ಹೇಳಿದಂತೆ ಬನ್ನಿ.

ಎಷ್ಟೇ ಅಭ್ಯಾಸ ಮಾಡಿದರೂ ಕೆಲವು ದಿನ ತಪ್ಪುತ್ತದೆ. ಹಾಗಾದಾಗ ಉಳಿದಿರುವ ದಾರಿ ಮುರಿದ ಒಡನಾಟವನ್ನು ಮತ್ತೆ ಕೂಡಿಸಿಕೊಳ್ಳುವುದು. ಇಡೀ ಉತ್ತರದಲ್ಲಿ ನಾನು ಹೆಚ್ಚು ಒತ್ತಿ ಹೇಳಬೇಕೆಂದಿರುವುದು ಇದನ್ನೇ. ತಾಯಿ ಮತ್ತು ಎಳೆಮಗುವಿನ ಒಡನಾಟವನ್ನು ಕ್ಷಣಕ್ಷಣ ಚಿತ್ರೀಕರಿಸಿ ನೋಡಿದ ಅಮೆರಿಕದ ಮನಶ್ಶಾಸ್ತ್ರಜ್ಞ ಎಡ್ ಟ್ರಾನಿಕ್ ಅವರಿಗೆ, ಚೆನ್ನಾಗಿರುವ ಜೋಡಿಗಳಲ್ಲೂ ಇಬ್ಬರ ಲಯ ಕೂಡುವುದು ಸುಮಾರು ನೂರಕ್ಕೆ 30ರಷ್ಟು ಹೊತ್ತು ಮಾತ್ರ ಎಂದು ಕಂಡಿತು. ಉಳಿದ ಹೊತ್ತೆಲ್ಲ ತಪ್ಪುವುದು, ಮತ್ತೆ ಕೂಡುವುದು. ತಪ್ಪಿದ ಮೇಲೆ ಮತ್ತೆ ಕೂಡುತ್ತದೆ ಎಂಬ ನಂಬಿಕೆಯ ಮೇಲೆಯೇ ಮಗುವಿನ ಧೈರ್ಯ ನಿಂತಿರುತ್ತದೆ. ನಿಮ್ಮ ಬಾಲ್ಯದಲ್ಲಿ ಅಪ್ಪ ಹೊಡೆದ ಮರುದಿನ ಬೆಳಿಗ್ಗೆ ಏನಾಗುತ್ತಿತ್ತು ನೆನಪಿಸಿಕೊಳ್ಳಿ. ಹೆಚ್ಚಿನ ಮನೆಗಳಲ್ಲಿ ಏನೂ ಆಗುವುದಿಲ್ಲ. ಎಲ್ಲರೂ ಏನೂ ನಡೆಯದವರಂತೆ ಕಾಫಿ ಕುಡಿಯುತ್ತಾರೆ. ಮಗು ತನಗೆ ತಾನೇ ಉತ್ತರ ಹುಡುಕಿಕೊಳ್ಳುತ್ತದೆ, ಆ ವಯಸ್ಸಿನಲ್ಲಿ ಅದಕ್ಕೆ ಸಿಗುವ ಉತ್ತರ ಒಂದೇ: ನಾನೇ ಕೆಟ್ಟವಳು.

ಕೂಡಿಸಿಕೊಳ್ಳುವುದು ಹೀಗೆ. ಹತ್ತು ನಿಮಿಷದಿಂದ ಅರ್ಧ ಗಂಟೆಯೊಳಗೆ, ನಿಮ್ಮ ಉಸಿರು ಸಮವಾದ ಮೇಲೆ, ಅವನ ಕಣ್ಣಿನ ಎತ್ತರಕ್ಕೆ ಕುಳಿತುಕೊಳ್ಳಿ. ನಡೆದದ್ದನ್ನು ಹೆಸರಿಟ್ಟು ಹೇಳಿ, ಅದು ಅವನಿಂದ ಆದದ್ದಲ್ಲ ಎಂದು ಹೇಳಿ, ಇನ್ನೊಮ್ಮೆ ನೀವು ಏನು ಮಾಡುವಿರಿ ಎಂದು ಹೇಳಿ. ‘ಗಂಜಿ ಚೆಲ್ಲಿದಾಗ ಅಮ್ಮ ಬೊಬ್ಬೆ ಹಾಕಿದೆ, ಕೈ ಎತ್ತಿದೆ. ನಿನಗೆ ಹೆದರಿಕೆಯಾಯಿತು. ಚೆಲ್ಲಿದ್ದು ದೊಡ್ಡ ತಪ್ಪಲ್ಲ, ಕೈ ಎತ್ತಿದ್ದು ನನ್ನ ತಪ್ಪು. ಇನ್ನು ಸಿಟ್ಟು ಬಂದರೆ ನಾನು ಹೊರಗೆ ಹೋಗಿ ನಿಂತು ಬರುತ್ತೇನೆ. ಈಗ ಇಬ್ಬರೂ ಸೇರಿ ಒರೆಸೋಣ.’ ಇಷ್ಟು ಸಾಕು. ಈ ಮಾತಿನಲ್ಲಿ ‘ಆದರೆ ನೀನೂ’ ಎಂಬುದು ಬಂದರೆ ಮೊದಲಿನದ್ದೆಲ್ಲ ನೀರಿಗೆ ಹೋಯಿತು. ‘ಪರವಾಗಿಲ್ಲ ಅಮ್ಮ’ ಎಂದು ಅವನಿಂದ ಹೇಳಿಸಬೇಡಿ. ಅಳು ಬಂದರೆ ಬರಲಿ, ಆದರೆ ನಿಮ್ಮನ್ನು ಸಮಾಧಾನ ಮಾಡುವ ಕೆಲಸ ಅವನ ಮೇಲೆ ಬೀಳದಂತೆ ನೋಡಿಕೊಳ್ಳಿ. ಚಾಕಲೇಟೋ ಮೊಬೈಲೋ ಕೊಟ್ಟು ಮುಗಿಸುವುದು ಬೇಡ, ಹೆದರಿಕೆಗೆ ಸಂಬಳ ಸಿಗುತ್ತದೆ ಎಂದು ಅವನು ಕಲಿಯುತ್ತಾನೆ. ಕ್ಷಮೆ ಕೇಳಿದರೆ ಮಗು ತಲೆಯ ಮೇಲೆ ಕೂರುತ್ತದೆ ಎಂಬ ಹೆದರಿಕೆ ನಮ್ಮಲ್ಲಿ ಗಟ್ಟಿಯಾಗಿದೆ. ಶಿಸ್ತು ಬೇರೆ, ಇದು ಬೇರೆ. ಚೆಲ್ಲಿದ್ದನ್ನು ಅವನು ಒರೆಸಲೇಬೇಕು, ಪೆಟ್ಟಿಲ್ಲದೆ ಒರೆಸಿದರೆ ಸಾಕು. ಇಷ್ಟೆಲ್ಲ ಹೇಳಿದ ಮೇಲೆ ಒಂದು ಎಚ್ಚರಿಕೆಯೂ ಬೇಕು: ದಿನಾ ಹೊಡೆದು ದಿನಾ ಕ್ಷಮೆ ಕೇಳುವುದು ಕೂಡಿಸಿಕೊಳ್ಳುವುದಲ್ಲ. ಕ್ಯಾಲೆಂಡರಿನ ಗುರುತುಗಳು ತಿಂಗಳಿನಲ್ಲಿ ಕಡಿಮೆಯಾಗದಿದ್ದರೆ, ಮಗುವಿನ ಮೈಮೇಲೆ ಬಾಸುಂಡೆ ಬಿದ್ದಿದ್ದರೆ, ಚಿಕಿತ್ಸೆಗೆ ಹೋಗಲೇಬೇಕು.

ಪೆಟ್ಟು ದಾಟುವ ಎರಡನೇ ದಾರಿ ಮೌನ ಎಂದೆ. ಅಜ್ಜ ನಾಲ್ಕನೇ ವರ್ಷಕ್ಕೆ ತಾಯಿಯನ್ನು ಕಳೆದುಕೊಂಡು ಎಂಟಕ್ಕೆ ಪರರ ದನದ ಹಿಂದೆ ಹೋದವರು. ಆ ಮಗುವಿನ ದುಃಖಕ್ಕೆ ಯಾರೂ ಹೆಸರಿಟ್ಟಿರಲಿಕ್ಕಿಲ್ಲ. ಹೆಸರಿಲ್ಲದ ದುಃಖ ದೊಡ್ಡವನಾದಾಗ ಬೆತ್ತವಾಯಿತು ಎಂದು ಊಹಿಸಬಹುದು. ಅದರಿಂದ ಬೆತ್ತ ಸರಿಯಾಗುವುದಿಲ್ಲ, ಆದರೆ ಬೆತ್ತ ಎಲ್ಲಿಂದ ಬಂತೆಂದು ತಿಳಿಯುತ್ತದೆ. ಬಾಲ್ಯದಲ್ಲಿ ನೊಂದ ತಾಯಂದಿರನ್ನು ಹತ್ತಿರದಿಂದ ನೋಡಿದ ಅಮೆರಿಕದ ಮನೋವಿಶ್ಲೇಷಕಿ ಸೆಲ್ಮಾ ಫ್ರೈಬರ್ಗ್ 1975ರಲ್ಲಿ ಮುಖ್ಯವಾದ ಒಂದು ವ್ಯತ್ಯಾಸ ಗುರುತಿಸಿದರು. ನಡೆದದ್ದು ಮಾತ್ರ ನೆನಪಿದ್ದು ಆಗಿನ ನೋವು ಮರೆತವರು ಅದನ್ನೇ ಮಕ್ಕಳ ಮೇಲೆ ಮಾಡುತ್ತಾರೆ, ಆ ನೋವು ನೆನಪಿರುವವರು ಮಾಡಲಾರರು. ಮಗ ತಲೆಗೆ ಕೈ ಅಡ್ಡ ಹಿಡಿದಾಗ ನಿಮಗೆ ನಿಮ್ಮ ಮೈಯೇ ನೆನಪಾಯಿತು, ಎತ್ತಿದ ಕೈ ಬಹುಶಃ ಅಲ್ಲೇ ನಿಂತಿತು. ಆ ನೆನಪು ನಿಮ್ಮನ್ನು ಹಿಂಸಿಸುತ್ತಿರಬಹುದು, ಆದರೆ ಕೆಲಸ ಮಾಡಿದ್ದೂ ಅದೇ.

ಒಂದು ದೊಡ್ಡ ಹಾಳೆಯಲ್ಲಿ ಮೂರು ತಲೆಮಾರಿನ ನಕ್ಷೆ ಬರೆಯಿರಿ, ಹೆಂಗಸರಿಗೆ ವೃತ್ತ, ಗಂಡಸರಿಗೆ ಚೌಕ. ಸಾವು, ಸಾಲ, ಊರು ಬಿಟ್ಟದ್ದು, ಕುಡಿತ, ಹೊಡೆತವನ್ನು ಒಂದು ಬಣ್ಣದಲ್ಲಿ ಗುರುತಿಸಿ. ಇನ್ನೊಂದು ಬಣ್ಣದಲ್ಲಿ, ಪೆಟ್ಟಿನ ಹೊತ್ತಿಗೆ ಮಗುವನ್ನು ಸೆರಗಿನಲ್ಲಿ ಅಡಗಿಸಿದ ಅಜ್ಜಿ, ಊಟ ಕೊಟ್ಟ ನೆರೆಮನೆಯ ಬ್ಯಾರಿ ಹೆಂಗಸು, ಶಾಲೆಗೆ ಕಳಿಸಲೇಬೇಕೆಂದು ಹಟ ಹಿಡಿದ ಮಾಷ್ಟ್ರು, ಇಂಥವರನ್ನು. ಎರಡನೇ ಬಣ್ಣವಿಲ್ಲದ ನಕ್ಷೆ ಅರ್ಧ ಸುಳ್ಳು. ಬರೆಯುವಾಗ ನಿದ್ದೆ ಕೆಟ್ಟರೆ, ಹಳೆಯದು ಈಗಲೇ ನಡೆಯುತ್ತಿರುವಂತೆ ಕಣ್ಣಿಗೆ ಕಟ್ಟಿದರೆ ಅಲ್ಲಿಗೇ ನಿಲ್ಲಿಸಿ, ಒಬ್ಬರೇ ಮುಂದುವರಿಸಬೇಡಿ. ಮಗನಿಗೆ ಈಗ ಹೇಳಬೇಕಾದದ್ದು ಎರಡೇ ವಾಕ್ಯ: ‘ಅಮ್ಮ ಸಣ್ಣದಿರುವಾಗ ಮನೆಯಲ್ಲಿ ದೊಡ್ಡವರು ತುಂಬ ಸಿಟ್ಟು ಮಾಡುತ್ತಿದ್ದರು, ಅಮ್ಮನಿಗೆ ಹೆದರಿಕೆಯಾಗುತ್ತಿತ್ತು. ನಮ್ಮ ಮನೆಯಲ್ಲಿ ಹಾಗೆ ಬೇಡ ಎಂದು ಅಮ್ಮ ಕಲಿಯುತ್ತಿದ್ದಾಳೆ.’ ಯಾರು, ಹೇಗೆ ಎಂಬ ವಿವರ ಹದಿಹರೆಯದಲ್ಲಿ ಅವನೇ ಕೇಳಿದಾಗ ಹೇಳಿದರಾಯಿತು.

ಅಪ್ಪನ ಹತ್ತಿರ ಹಳೆಯದನ್ನು ಕೇಳಬೇಕೇ ಎಂಬುದು ಕಷ್ಟದ ಪ್ರಶ್ನೆ. ಕೇಳುವ ಮೊದಲು ನಿಮಗೆ ಏನು ಬೇಕು ಎಂದು ಸ್ಪಷ್ಟ ಮಾಡಿಕೊಳ್ಳಿ. ‘ತಪ್ಪಾಯಿತು ಮಗಳೇ’ ಎಂಬ ಮಾತು ಬೇಕಾಗಿದ್ದರೆ ಅದು ಸಿಗದಿರುವ ಸಾಧ್ಯತೆಯೇ ಹೆಚ್ಚು. ‘ನೆನಪಿಲ್ಲ’, ‘ಹೊಡೆದದ್ದಕ್ಕೇ ನೀವು ನಾಲ್ಕಕ್ಷರ ಕಲಿತದ್ದು’, ಇಲ್ಲವೇ ಎದ್ದು ತೋಟಕ್ಕೆ ಹೋಗಿಬಿಡುವುದು, ಸಾಮಾನ್ಯವಾಗಿ ಸಿಗುವ ಉತ್ತರಗಳಿವು. ಆ ಉತ್ತರ ತಾಳಿಕೊಳ್ಳುವ ಸ್ಥಿತಿ ಇಲ್ಲದಿದ್ದರೆ ಈಗ ಕೇಳಬೇಡಿ. ಕೇಳದಿದ್ದರೆ ನೀವು ಗುಣವಾಗುವುದಿಲ್ಲ ಎಂದೇನೂ ಇಲ್ಲ. ನಡುವಿನ ದಾರಿಯೊಂದಿದೆ. ಅವರು ನಿಮಗೆ ಮಾಡಿದ್ದನ್ನು ಕೇಳುವ ಬದಲು ಅವರ ಬಾಲ್ಯವನ್ನು ಕೇಳಿ. ಅಡಿಕೆ ಸುಲಿಯುವಂಥ, ಕೈಗೆ ಕೆಲಸವಿದ್ದು ಮುಖ ನೋಡಬೇಕಿಲ್ಲದ ಹೊತ್ತಿನಲ್ಲಿ, ‘ಅಪ್ಪ, ಅಜ್ಜ ಹೊಡೆಯುವಾಗ ನೀವು ಎಲ್ಲಿ ಓಡಿಹೋಗುತ್ತಿದ್ದಿರಿ?’ ಎಂದು. ಇಡೀ ಬದುಕಿನಲ್ಲಿ ಆ ಪ್ರಶ್ನೆಯನ್ನು ಅವರಿಗೆ ಯಾರೂ ಕೇಳಿರಲಿಕ್ಕಿಲ್ಲ.

ಮೊಮ್ಮಗನನ್ನು ಅವರ ಹತ್ತಿರ ಬಿಡುವ ವಿಷಯ ಇದಕ್ಕಿಂತ ಸುಲಭ. ಕುಡಿತ ಬಿಟ್ಟು ಎಂಟು ವರ್ಷವಾದ, ಈಗ ಮೃದುವಾಗಿರುವ ಅಜ್ಜನ ಒಡನಾಟ ಮಗುವಿಗೆ ಒಳ್ಳೆಯದೇ. ಎರಡು ಮಾತು ಮಾತ್ರ ಮೊದಲೇ ಹೇಳಿಡಿ: ಇವನ ಮೇಲೆ ಕೈ ಮಾಡುವುದು ಬೇಡ, ಕುಡಿತ ಮತ್ತೆ ಶುರುವಾದರೆ ಒಬ್ಬನನ್ನೇ ಬಿಡುವುದಿಲ್ಲ. ನಿಮ್ಮ ಬಾಲ್ಯದಲ್ಲಿ ನಡೆದದ್ದು ಹೊಡೆತವಷ್ಟೇ ಆಗಿರದೆ ಯಾರಿಂದಲಾದರೂ ಲೈಂಗಿಕ ಹಿಂಸೆಯೂ ಆಗಿದ್ದರೆ ಲೆಕ್ಕ ಪೂರ್ತಿ ಬೇರೆ. ಆ ವ್ಯಕ್ತಿಗೆ ಎಷ್ಟೇ ವಯಸ್ಸಾಗಿರಲಿ, ಮಗುವನ್ನು ಅವರ ಜೊತೆ ಒಂದು ಗಳಿಗೆಯೂ ಒಂಟಿಯಾಗಿ ಬಿಡಬೇಡಿ. ಈಗಿನ ಮಗುವೊಂದಕ್ಕೆ ಹಾಗಾಗುತ್ತಿದೆ ಎಂದು ತಿಳಿದರೆ ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ಕಾಪಾಡುವ 2012ರ ಪೋಕ್ಸೋ ಕಾಯಿದೆಯ ಪ್ರಕಾರ ಪೊಲೀಸರಿಗೆ ತಿಳಿಸುವುದು ಕಡ್ಡಾಯ. ಮಕ್ಕಳ ಸಹಾಯವಾಣಿ 1098.

ಅಣ್ಣನ ಕುಡಿತದಲ್ಲಿ ರಕ್ತದ ಪಾಲು ಇದೆ. ಅವಳಿಗಳ ಅಧ್ಯಯನಗಳ ಪ್ರಕಾರ ಮದ್ಯವ್ಯಸನದ ಅಪಾಯದಲ್ಲಿ ಸುಮಾರು ಅರ್ಧ ಅನುವಂಶೀಯ, ಉಳಿದರ್ಧ ಬೆಳೆದ ಮತ್ತು ಬದುಕುವ ಪರಿಸರ. ನಿಮ್ಮ ಮಗನಿಗೂ ಮುಂದೆ ಇದನ್ನು ಹೇಳಬೇಕು, ಬೇರೆಯವರಿಗಿಂತ ಅವನಿಗೆ ಕುಡಿತ ಬೇಗ ಅಂಟಬಹುದು ಎಂದು. ಅಣ್ಣನ ವಿಷಯದಲ್ಲಿ ಎರಡು ಅಪಾಯಗಳಿವೆ. ದಿನಾ ಕುಡಿಯುವವರನ್ನು ಮನೆಯಲ್ಲಿ ಕೂಡಿಹಾಕಿ ಒಮ್ಮೆಲೇ ಬಿಡಿಸಬೇಡಿ. ಆರೆಂಟು ಗಂಟೆಯಲ್ಲಿ ಕೈನಡುಕ, ಬೆವರು ಶುರುವಾಗುತ್ತದೆ, ಮೊದಲ ಎರಡು ದಿನಗಳಲ್ಲಿ ಫಿಟ್ಸ್ ಬರಬಹುದು, ಎರಡರಿಂದ ನಾಲ್ಕನೇ ದಿನದ ನಡುವೆ ಭ್ರಮೆ ಹಿಡಿದು ಜೀವಕ್ಕೇ ಕುತ್ತಾಗಬಹುದು. ಥಯಾಮಿನ್ (ವಿಟಮಿನ್ ಬಿ1) ಸೇರಿದ ಚಿಕಿತ್ಸೆ ಆಸ್ಪತ್ರೆಯಲ್ಲೇ ನಡೆಯಬೇಕು. ಕುಡಿತ ಬಿಡಿಸುವ ಮಾತ್ರೆಯನ್ನು ಗುಟ್ಟಾಗಿ ಸಾರಿಗೆ ಬೆರೆಸುವುದು ಇನ್ನೊಂದು ಅಪಾಯ. ಡೈಸಲ್ಫಿರಾಮ್ ಎಂಬ ಆ ಮಾತ್ರೆಯ ಮೇಲೆ ಕುಡಿದರೆ ರಕ್ತದೊತ್ತಡ ಕುಸಿದು ಸಾಯುವವರೂ ಇದ್ದಾರೆ. ಅದನ್ನು ಕೊಡುವುದಿದ್ದರೆ ಅಣ್ಣನಿಗೆ ತಿಳಿದು, ಅವನು ಒಪ್ಪಿ, ವೈದ್ಯರ ಕಣ್ಣೆದುರಿಗೆ.

ನಿಮ್ಮ ಚಿಕಿತ್ಸೆಗೆ ಬಂದರೆ, ಹಳೆಯದು ಕನಸಿನಲ್ಲೋ ಎಚ್ಚರದಲ್ಲೋ ಮರುಕಳಿಸುವುದು, ಎರಡು ವಾರಕ್ಕೂ ಹೆಚ್ಚು ಕಾಲ ಮ್ಲಾನವಾಗಿರುವುದು, ಸಾಯುವ ಯೋಚನೆ, ಇವುಗಳಲ್ಲಿ ಒಂದಿದ್ದರೂ ತಡಮಾಡಬೇಡಿ. ಆಘಾತವನ್ನೇ ಕೇಂದ್ರವಾಗಿಟ್ಟ ಸಿಬಿಟಿ (ಯೋಚನೆ, ನಡವಳಿಕೆಯನ್ನು ತಿದ್ದಿಕೊಳ್ಳುವ ಮಾತಿನ ಚಿಕಿತ್ಸೆ), ಇಎಂಡಿಆರ್ (ಕಣ್ಣನ್ನು ಅತ್ತಿತ್ತ ಆಡಿಸುತ್ತ ಹಳೆಯ ನೆನಪನ್ನು ಎದುರಿಸುವ ಚಿಕಿತ್ಸೆ) ಎಂಬ ಎರಡನ್ನು ವಿಶ್ವ ಆರೋಗ್ಯ ಸಂಸ್ಥೆ 2013ರ ಮಾರ್ಗಸೂಚಿಯಲ್ಲಿ ಶಿಫಾರಸು ಮಾಡಿದೆ. ವಾರಕ್ಕೊಂದರಂತೆ ಸುಮಾರು ಎಂಟರಿಂದ ಹದಿನಾರು ಭೇಟಿ ಬೇಕಾಗುತ್ತದೆ. ಮೊದಲ ದಿನವೇ ಎಲ್ಲವನ್ನೂ ಬಿಡಿಸಿ ಹೇಳಿ ಎಂದು ಒತ್ತಾಯಿಸುವವರ ಹತ್ತಿರ ಹೋಗಬೇಡಿ. ಮೊದಲು ನಿದ್ದೆ, ಉಸಿರು, ದಿನಚರಿ ಗಟ್ಟಿಯಾಗಬೇಕು, ಹಳೆಯ ಗಾಯಕ್ಕೆ ಕೈ ಹಾಕುವುದು ಆಮೇಲೆ. ಖಿನ್ನತೆಗೆ ಸರ್ಟ್ರಾಲಿನ್‌ನಂಥ ಮಾತ್ರೆ ಬರೆದರೆ ಪರಿಣಾಮ ತಿಳಿಯಲು ಎರಡರಿಂದ ಆರು ವಾರ ಬೇಕು. ಅದು ಚಟವಾಗುವುದಿಲ್ಲ, ಆದರೆ ತಾನಾಗಿ ಒಮ್ಮೆಲೇ ನಿಲ್ಲಿಸಬಾರದು. ಚಟವಾಗುವುದು ಆಲ್ಪ್ರಜೋಲಾಮ್‌ನಂಥ, ಆತಂಕ ತಗ್ಗಿಸಿ ನಿದ್ದೆ ಬರಿಸುವ ಮಾತ್ರೆ. ಅದನ್ನು ತಿಂಗಳುಗಟ್ಟಲೆ ನುಂಗುವುದರಿಂದ ಹಳೆಯ ಪೆಟ್ಟು ಗುಣವಾಗುವುದಿಲ್ಲ.

ಭಾಷೆಯ ಮಾತನ್ನೂ ಹೇಳಬೇಕು, ಇದು ನಮ್ಮ ಕಡೆಯ ವಿಶೇಷ ಕಷ್ಟ. ರೇಶನ್ ಅಂಗಡಿಗೂ ಪಂಚಾಯತಿಗೂ ಸಾಕಾಗುವ ಮಲಯಾಳ ಬಾಲ್ಯದ ಅಳುವಿಗೆ ಸಾಕಾಗುವುದಿಲ್ಲ. ಕನ್ನಡ ಅಥವಾ ತುಳು ಬಲ್ಲವರು ಬೇಕು ಎಂದು ಕೇಳಲು ಸಂಕೋಚಪಡಬೇಡಿ. ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮದ ಓಪಿ (ಹೊರರೋಗಿ ತಪಾಸಣೆ) ಸರಕಾರಿ ಆಸ್ಪತ್ರೆಗಳಲ್ಲಿ ನಿಗದಿತ ದಿನ ನಡೆಯುತ್ತದೆ, ದಿನ ಯಾವುದೆಂದು ಆಶಾ ಕಾರ್ಯಕರ್ತೆಯನ್ನು ಕೇಳಿ. ಮಂಗಳೂರಿನ ಮೆಡಿಕಲ್ ಕಾಲೇಜುಗಳ ಮನೋವೈದ್ಯ ವಿಭಾಗಗಳಲ್ಲಿ ಕನ್ನಡ, ತುಳು ಎರಡೂ ನಡೆಯುತ್ತದೆ. 14416 ಕೇಂದ್ರ ಸರಕಾರದ ಟೆಲಿ ಮಾನಸ್ ಸಹಾಯವಾಣಿ, 2022ರಿಂದ ಇದೆ, ಹಗಲು ರಾತ್ರಿ ಉಚಿತ, ಭಾಷೆ ಆರಿಸಿಕೊಳ್ಳಬಹುದು. ಮೊದಲ ಭೇಟಿಗೆ ಕ್ಯಾಲೆಂಡರಿನ ಆ ಹಾಳೆಯನ್ನು ಒಯ್ದರೆ ಅರ್ಧ ಗಂಟೆಯ ಮಾತು ಉಳಿಯುತ್ತದೆ.

ಎರಡನೇ ಮಗು ಬೇಕೇ ಎಂಬುದನ್ನು ನೀವು, ನಿಮ್ಮ ಗಂಡ ನಿರ್ಧರಿಸಿ. ಮನೆತನದ ಹೆದರಿಕೆ ಆ ನಿರ್ಧಾರದ ಕಾರಣವಾಗುವುದು ಬೇಡ. ನಿದ್ದೆ, ಸಿಟ್ಟು ಹಿಡಿತಕ್ಕೆ ಬಂದು ಆರು ತಿಂಗಳಾಗಲಿ, ಬಾಣಂತನಕ್ಕೆ ಕೈ ಜೋಡಿಸುವವರು ಯಾರೆಂದು ಗೊತ್ತಾಗಲಿ. ಮಾತ್ರೆ ತೆಗೆದುಕೊಳ್ಳುತ್ತಿದ್ದರೆ ಗರ್ಭ ನಿಲ್ಲುವ ಮೊದಲೇ ವೈದ್ಯರಿಗೆ ತಿಳಿಸಿ.

ಇನ್ನು ಆ ರಾತ್ರಿಯ ಮಾತು. ಮಗ ನಿಮ್ಮ ಬಟ್ಟೆಯ ತುದಿ ಹಿಡಿದು ಮಲಗಿದ್ದು ಪ್ರೀತಿಯೂ ಹೌದು, ಹೆದರಿಕೆಯೂ ಹೌದು. ಹೆದರಿದ ಮಗು ಓಡಿ ಬರುವುದು ತನ್ನವರ ಹತ್ತಿರಕ್ಕೇ, ಹೆದರಿಸಿದವರು ಅವರೇ ಆಗಿದ್ದರೂ. ಅವನು ಇನ್ನೂ ನಿಮ್ಮ ಹತ್ತಿರ ಬರುತ್ತಿದ್ದಾನೆ. ಗಂಜಿಯ ಮಾತನ್ನು ನೀವು ಅವನ ಹತ್ತಿರ ಈವರೆಗೂ ಎತ್ತಿರದಿದ್ದರೆ ನಾಳೆ ಬೆಳಿಗ್ಗೆ ಶಾಲೆಗೆ ಹೊರಡುವ ಮೊದಲು ಎತ್ತಿ. ಎರಡು ವಾರ ಕಳೆದರೂ ಅವನಿಗೆ ಅದು ನೆನಪಿರುತ್ತದೆ, ತಡವಾಯಿತು ಎಂದು ಮಕ್ಕಳು ಲೆಕ್ಕ ಹಾಕುವುದಿಲ್ಲ.